ಮಾರಿದ ಎತ್ತಿನ ಹಗ್ಗ

ಲಕ್ಷ್ಮೇಶ್ವರ
4 ಜೂನ್ 2025

ಚಿ. ಭಾಗ್ಯಾಗೆ,

ಕ್ಷೇಮ ಕೇಳುವ ಮುಖ ನನಗಿಲ್ಲ, ನೇರ ವಿಷಯಕ್ಕೆ ಬರುತ್ತೇನೆ. ಎರಡು ವರ್ಷ ಸುಮ್ಮನಿದ್ದ ಧೀರೇಂದ್ರನಿಗೆ ಈಗ ಯಾಕೆ ನೆನಪಾಯಿತು ಎಂದು ನೀನು ಕಾಗದ ಹರಿದು ಒಲೆಗೆ ಹಾಕಬಹುದು. ಹಾಕುವ ಮೊದಲು ಪೂರ್ತಿ ಓದು. ಫೋನ್ ಮಾಡಬಹುದಿತ್ತು. ನಿಮ್ಮಪ್ಪ ಎತ್ತಿದರೆ ಏನು ಹೇಳಲಿ? "ನಮ್ಮ ಅಂಗಳದಾಗ ಕಾಲ ಇಟ್ಟೀಯಂದ್ರ ನೋಡು" ಎಂದು ಪುಂಡಲೀಕಪ್ಪ ಕಾಕಾ ಅಂದ ಮಾತು ಇನ್ನೂ ಕಿವಿಯಲ್ಲಿದೆ.

ನಿನ್ನೆ ಸಂಜೆ ಶಾಲೆಯಿಂದ ಬಂದು ಕಂಪ್ಯೂಟರ್ ತೆರೆದೆ. ನಾನೂ ನಿಮ್ಮಣ್ಣನೂ ಬೆಟಗೇರಿಯಲ್ಲಿ ಒಂದೇ ರೂಮಿನಲ್ಲಿದ್ದು ಡಿಗ್ರಿ ಓದುವಾಗಿನಿಂದ ಗೇಮ್ ಆಡುತ್ತಿದ್ದದ್ದು ನಿನಗೆ ಗೊತ್ತೇ ಇದೆ. ಗೆಳೆಯರ ಪಟ್ಟಿಯಲ್ಲಿ ಹನಮಂತನ ಹೆಸರು ಎಲ್ಲಕ್ಕಿಂತ ಕೆಳಗೆ, ಬೂದು ಬಣ್ಣದಲ್ಲಿ ಇರುತ್ತಿತ್ತು. ತೆಗೆದುಹಾಕಲು ಕೈ ಬಂದಿರಲಿಲ್ಲ. ನಿನ್ನೆ ಅದು ಎಲ್ಲರಿಗಿಂತ ಮೇಲೆ ಬಂದಿತ್ತು, ಪಕ್ಕದಲ್ಲಿ ಹಸಿರು ಚುಕ್ಕೆ. ನಾನು ನೋಡುತ್ತಿದ್ದಂತೆಯೇ ಸಂದೇಶ ಬಂತು.

"ಲೇ ಧೀರ್ಯಾ, ಚಾ ಆತೇನು?"

ಎಂಟು ವರ್ಷ ಅವನು ಮಾತು ಶುರು ಮಾಡುತ್ತಿದ್ದದ್ದು ಹೀಗೆಯೇ. ಸತ್ತವರು ಮಾತಾಡುವುದಿಲ್ಲ ಎಂಬಷ್ಟು ಬುದ್ಧಿ ನನಗಿದೆ, ಐದನೇ ಇಯತ್ತೆಯ ಮಕ್ಕಳಿಗೆ ವಿಜ್ಞಾನ ಕಲಿಸುತ್ತೇನೆ. ಆದರೂ ಯಂತ್ರ ಬಂದ್ ಮಾಡಿ ಅಂಗಳಕ್ಕೆ ಬಂದು ಕೂತೆ. ಅಮ್ಮ ಬಂದು "ಮೈಯಾಗ ಆರಾಮ ಇಲ್ಲೇನೋ?" ಎಂದು ಹಣೆ ಮುಟ್ಟಿ ನೋಡಿದಳು.

ಹನಮನ ಲ್ಯಾಪ್‌ಟಾಪ್ ನಿಮ್ಮ ಮನೆಯಲ್ಲೇ ಇದೆಯಲ್ಲ? ನೀನೇ ತೆರೆದಿದ್ದರೆ, ನನ್ನನ್ನು ನೋಯಿಸಬೇಕೆಂದೇ ಹಾಗೆ ಬರೆದಿದ್ದರೆ, ಹೇಳಿಬಿಡು. ಸಿಟ್ಟಾಗುವುದಿಲ್ಲ. ಸಮಾಧಾನವೇ ಆಗುತ್ತದೆ.

ಇಂತಿ,
ಧೀರೇಂದ್ರ


ಹಿರೇವಡ್ಡಟ್ಟಿ
12 ಜೂನ್ 2025

ಧೀರೇಂದ್ರ ಮಾಸ್ತರರಿಗೆ,

ನಿಮ್ಮ ಕಾಗದ ಒಲೆಗೆ ಹಾಕಲಿಲ್ಲ. ನಮ್ಮದು ಗ್ಯಾಸ್ ಒಲೆ.

ನಾನು ಏನೂ ಬರೆದಿಲ್ಲ. ಅಣ್ಣನ ಗೇಮ್ ಅಕೌಂಟ್ ಈಗ ನಮ್ಮದಲ್ಲ. ಯುಗಾದಿಯ ಮುಂದೆ ಮಾರಿಬಿಟ್ಟೆ. ಕೊಂಡವನ ಹೆಸರು ಕಳಕೇಶ ಅಂತೆ, ಇಂಥವನ್ನು ಮಾರುವ ಕೊಳ್ಳುವವರ ಒಂದು ಗುಂಪಿನಲ್ಲಿ ಸಿಕ್ಕಿದ. ಯಾಕೆ ಮಾರಿದೆ ಎಂದು ನೀವು ಕೇಳುವ ಮೊದಲೇ ಹೇಳುತ್ತೇನೆ. ಅಣ್ಣನ ಹುಟ್ಟಿದ ದಿನಕ್ಕೆ ಆ ಕಂಪನಿಯಿಂದ ಪ್ರತಿ ವರ್ಷ ಶುಭಾಶಯ ಬರುತ್ತದೆ, ಕೇಕಿನ ಚಿತ್ರ, ಹಾಡು. ಅವ್ವ ಅದನ್ನು ಕೇಳಿಸಿಕೊಂಡು ಮೂರು ದಿನ ರೊಟ್ಟಿ ಮುಟ್ಟಲಿಲ್ಲ. ಅಳಿಸಿ ಹಾಕೋಣವೆಂದರೆ ಎರಡನೇ ಸಲ ಮಣ್ಣು ಕೊಟ್ಟ ಹಾಗೆ ಅನಿಸಿತು. ಮಾರಿದರೆ ಯಾರೋ ಒಬ್ಬರು ಎಲ್ಲೋ ಆಡುತ್ತಿರುತ್ತಾರೆ, ಅಣ್ಣ ಕೂಡಿಸಿದ್ದು ವ್ಯರ್ಥವಾಗಲಿಲ್ಲ ಎಂದುಕೊಂಡೆ. ಒಂದೊಂದೇ ಆಟ ಬಿಡಿಯಾಗಿ ಮಾರಲು ಬರುವುದಿಲ್ಲವಂತೆ, ನಲವತ್ತೊಂದು ಆಟಗಳೂ ಅಕೌಂಟಿಗೇ ಅಂಟಿಕೊಂಡಿರುತ್ತವೆ. ಅದಕ್ಕೆ ಅಕೌಂಟನ್ನೇ ಕೊಟ್ಟೆ.

ಮುಂಡರಗಿಯಲ್ಲಿ ಕಂಪ್ಯೂಟರ್ ರಿಪೇರಿ ಮಾಡುವ ಅಬ್ದುಲಗನಿಯವರನ್ನು ಕೇಳಿಯೇ ಮಾಡಿದೆ. "ಕಂಪನಿಯವರು ಅಕೌಂಟ್ ಮಾರಾಕ ಒಪ್ಪಂಗಿಲ್ರೀ ಅಕ್ಕಾರ. ನಾಳೆ ಏನರ ಆದ್ರ ಯಾರೂ ಕೇಳಂಗಿಲ್ಲ. ಮಾರಬ್ಯಾಡ್ರಿ. ಮಾರ್ತೀನಂತ ಹಟ ಇದ್ರ ಮೊದಲ ಎಲ್ಲಾ ಖಾಲಿ ಮಾಡ್ರಿ. ಚಾಟ್, ಫೋಟೋ, ವಿಡಿಯೋ ಒಂದೂ ಇಡಬ್ಯಾಡ್ರಿ, ಮನಿ ವಿಳಾಸ ಅಳಸ್ರಿ, ಫೋನ್ ನಂಬರ್ ಬಿಡಸ್ರಿ" ಎಂದರು. ನಾನು ಖಾಲಿ ಮಾಡಲಿಲ್ಲ. ಮಾಸ್ತರರೇ, ನಾನು ದನದ ದಲಾಲಿಯ ಮಗಳು. ಎತ್ತು ಮಾರುವಾಗ ಅಪ್ಪ ಅದರ ಗುಣ ಒಂದನ್ನೂ ಮುಚ್ಚಿಡುವುದಿಲ್ಲ. ಯಾವ ಹೆಸರಿಗೆ ಓಗೊಡುತ್ತದೆ, ನೊಗಕ್ಕೆ ಎಡಕ್ಕೆ ಕಟ್ಟಬೇಕೋ ಬಲಕ್ಕೋ, ಯಾವುದಕ್ಕೆ ಬೆದರುತ್ತದೆ, ಎಲ್ಲ ಹೇಳಿಯೇ ಕೊಡುವುದು. ಆ ಕಳಕೇಶ "ಇದು ಯಾರದಿತ್ತು ಅಕ್ಕಾ, ಹೆಂಗಿದ್ರು?" ಎಂದು ಕೇಳಿದ. ಯಾರೂ ಹಾಗೆ ಕೇಳಿ ವರ್ಷವಾಗಿತ್ತು. ಹೇಳಿದೆ. ಅಣ್ಣ ಊಟಕ್ಕೆ ಕೂತರೆ ನಡುಮನೆಯ ಕಂಬಕ್ಕೇ ಒರಗುತ್ತಿದ್ದದ್ದು, ರೊಟ್ಟಿಯ ಮೊದಲ ತುಣುಕು ನಾಯಿಗೆ ಹಾಕುತ್ತಿದ್ದದ್ದು, ಅವ್ವನ ಮೊಣಕಾಲಿಗೆ ಎಣ್ಣೆ ತಿಕ್ಕುತ್ತಿದ್ದದ್ದು, ಎಲ್ಲ. ಮೂರು ದಿನ ಬರೆದಿದ್ದೇನೆ.

ಆದರೆ ಹಗ್ಗ ಮಾತ್ರ ಕೊಟ್ಟಿಲ್ಲ. ನಮ್ಮ ಮನೆಯಲ್ಲಿ ಎತ್ತು ಕೊಟ್ಟರೂ ಹಗ್ಗ ಬಿಚ್ಚಿಕೊಂಡು ಬರುತ್ತಾರೆ. "ಹಗ್ಗ ಕೊಟ್ರ ಮನಿ ದಾರಿ ಕೊಟ್ಟಂಗ" ಎನ್ನುತ್ತಾರೆ ಅಪ್ಪ. ಅಕೌಂಟಿಗೆ ದುಡ್ಡು ತುಂಬಲು ಅಣ್ಣ ಗದಗದಲ್ಲಿ ಕೊಂಡ ಮೊಟ್ಟಮೊದಲ ಕಾರ್ಡು, ಬೆಳ್ಳಿ ಬಣ್ಣ ಕೆರೆದು ನಂಬರ್ ನೋಡುವಂಥದ್ದು, ಅವನ ಪರೀಕ್ಷೆ ಪ್ಯಾಡಿನ ಹಿಂದೆ ಸಿಕ್ಕಿತ್ತು. ನಾಳೆ ತಕರಾರು ಬಂದರೆ ಕಂಪನಿಯವರು ಮೊದಲಿನ ಮಾಲೀಕ ಯಾರು ಎಂದು ಗುರುತಿಸುವುದು ಅದರಿಂದಲೇ ಎಂದು ಅಬ್ದುಲಗನಿ ಹೇಳಿದರು. ಅದು ನನ್ನ ಟ್ರಂಕಿನಲ್ಲಿದೆ. ಕೊಡುವುದಿಲ್ಲ ಎಂದು ಕಳಕೇಶನಿಗೂ ಮೊದಲೇ ತಿಳಿಸಿದ್ದೆ. "ಇರಲಿ ಅಕ್ಕಾ, ನಿಮ್ಮ ಕಡೇನ ಇರಲಿ" ಎಂದ.

ಹಳೆಯ ಚಾಟ್ ಓದಿ ಕುಚೇಷ್ಟೆ ಮಾಡಿದ್ದಾನೆ, ಅಷ್ಟೇ. ಉತ್ತರ ಕೊಡಬೇಡಿ, ತಾನೇ ಸುಮ್ಮನಾಗುತ್ತಾನೆ.

ನೀವು ಮಣ್ಣಿಗೆ ಬರಲಿಲ್ಲ ಎಂದು ಊರೆಲ್ಲ ಅಂದಿತು. ನಾನು ಮಾತ್ರ ಏನೂ ಅನ್ನಲಿಲ್ಲ. ಯಾಕೆಂದು ನಿಮಗೆ ಗೊತ್ತು.

ಇತಿ,
ಭಾಗ್ಯಾ ಪುಂಡಲೀಕಪ್ಪ


ಲಕ್ಷ್ಮೇಶ್ವರ
26 ಜೂನ್ 2025

ಭಾಗ್ಯಾ,

ಉತ್ತರ ಕೊಡಬೇಡಿ ಎಂದು ನೀನು ಬರೆದ ಕಾಗದ ಬರುವಷ್ಟರಲ್ಲಿ ನಾನು ಕೊಟ್ಟು ಆಗಿತ್ತು. ಬಂದ ಮೇಲೂ ಕೊಟ್ಟೆ. ಎರಡು ವಾರ ದಿನಾ ಕೊಟ್ಟೆ. ಬೈಯುವುದಿದ್ದರೆ ಬೈ.

ದುಡ್ಡು ಕೇಳಿದ್ದರೆ ಕಳ್ಳನೆಂದು ತಿಳಿದು ಬಿಟ್ಟುಬಿಡುತ್ತಿದ್ದೆ. ಅವನು ಒಂದು ರೂಪಾಯಿ ಕೇಳಿಲ್ಲ. ಕೇಳಿದ್ದು "ಅವ್ವನ ಮೊಣಕಾಲ ಹೆಂಗದಾವು?" ಎಂದು. ಅಪ್ಪನ ಸಿಟ್ಟು ಇಳಿದಿದೆಯೇ, ಭಾಗ್ಯಾ ಹೊಲಿಗೆ ಕಲಿಯುವುದು ಬಿಟ್ಟಳೋ ಏನು, ನಾಯಿ ಇದೆಯೋ ಸತ್ತಿತೋ ಎಂದು. "ನೀನು ಯಾರು?" ಎಂದು ನಾನು ಕೇಳಿದಾಗಲೆಲ್ಲ "ನಿನ್ನ ಹನಮ ಅಲ್ಲೇನಲೇ" ಎಂದೇ ಬರುತ್ತದೆ.

ಯಾಕೆ ನಿಲ್ಲಿಸಲಿಲ್ಲ ಎಂಬುದನ್ನೂ ಹೇಳಬೇಕು. ಆ ದಿನ ಹನಮ ಬೈಕ್ ಹತ್ತಿದ್ದು ನಾನು ಕರೆದದ್ದಕ್ಕೆ. "ಹೊಸಾ ಗೇಮ್ ಬಂದೈತಿ, ಬಾರಲೇ, ಇಬ್ಬರೂ ಕೂಡಿ ಶುರು ಮಾಡೂಣು" ಎಂದಿದ್ದೆ. ಶಿರಹಟ್ಟಿ ದಾಟಿದವನು ಲಕ್ಷ್ಮೇಶ್ವರ ಮುಟ್ಟಲಿಲ್ಲ. ನಿಮ್ಮಪ್ಪ ಬೈದದ್ದರಲ್ಲಿ ತಪ್ಪೇನಿದೆ? ಮೊನ್ನೆ ಮಂಗಳವಾರ ನಾನು ಕೇಳದೆಯೇ ಆ ಕಡೆಯಿಂದ ಬಂತು: "ನಿನ್ನ ತಪ್ಪಿಲ್ಲ ಬಿಡು ಧೀರ್ಯಾ." ಇದನ್ನು ಯಾರಾದರೂ ಒಬ್ಬರು ಹೇಳಲಿ ಎಂದು ಎರಡು ವರ್ಷ ಕಾದಿದ್ದೆ, ಭಾಗ್ಯಾ. ಹೇಳಿದವನು ಯಾರೆಂದು ನೋಡುವ ಸ್ಥಿತಿಯಲ್ಲಿ ನಾನಿರಲಿಲ್ಲ. ನಿನಗೆ ಕಾಗದ ಬರೆಯುತ್ತಿದ್ದೇನೆಂದೂ, ನಿನ್ನಿಂದ ಉತ್ತರ ಬಂತೆಂದೂ ಹೇಳಿಬಿಟ್ಟೆ.

ಮರುದಿನ ಫೋನ್ ಬಂತು. ಹನಮನ ದನಿ. ಅದೇ ಕೆಮ್ಮು, ಅದೇ ನಗು. ಆಟ ಆಡುವಾಗ ನಾವು ಮಾತಾಡಿದ್ದನ್ನೆಲ್ಲ ಅವನು ರೆಕಾರ್ಡ್ ಮಾಡಿ ಅಕೌಂಟಿನಲ್ಲಿ ಇಡುತ್ತಿದ್ದ. ಅಷ್ಟು ದನಿ ಸಿಕ್ಕರೆ ಯಂತ್ರದಿಂದ ಅದೇ ದನಿಯಲ್ಲಿ ಏನು ಬೇಕಾದರೂ ಹೇಳಿಸಬಹುದಂತೆ. ಒಂದು ಮಾತು ತಲೆಯಲ್ಲಿಟ್ಟುಕೋ. ಆ ರೆಕಾರ್ಡುಗಳಲ್ಲಿ ನನ್ನ ದನಿಯೂ ಇದೆ. ಇನ್ನು ಮೇಲೆ ನನ್ನ ದನಿಯಲ್ಲಿ ಫೋನ್ ಬಂದರೆ ಒಂದು ಮಾತೂ ಆಡದೆ ಕಟ್ ಮಾಡು. ನನ್ನ ನಂಬರಿನಿಂದ ಬಂದರೂ ಕಟ್ ಮಾಡು. ಕಾಗದದಲ್ಲಿ ಬಂದದ್ದು ಮಾತ್ರ ನಾನು.

ಆ ಕಾರ್ಡು ಹೊರಗೆ ತೆಗೆ. ಅಬ್ದುಲಗನಿಯವರ ಬಳಿ ಕೂತು ಕಂಪನಿಗೆ ಬರೆದು ಅಕೌಂಟ್ ವಾಪಸ್ ತೆಗೆದುಕೋ. ತಡಮಾಡಬೇಡ.

ನಿನ್ನ,
ಧೀರೇಂದ್ರ


ಹಿರೇವಡ್ಡಟ್ಟಿ
9 ಜುಲೈ 2025

ಧೀರಣ್ಣಾ,

ಬೈಯಲು ಕೂತರೆ ಕಾಗದ ಸಾಲುವುದಿಲ್ಲ, ಬಿಡು. ಮಾಸ್ತರರೇ ಗೀಸ್ತರರೇ ಎನ್ನುವುದೂ ಸಾಕಾಯಿತು.

ಶುಕ್ರವಾರ ಮಧ್ಯಾಹ್ನ ನಾನು ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದೆ. ಒಳಗೆ ಅವ್ವ ಯಾರ ಜೊತೆಗೋ ಮಾತಾಡುವುದು ಕೇಳಿಸಿತು. ಒಳಗೆ ಬಂದೆ. ಅವ್ವ ನನ್ನ ಫೋನ್ ಕಿವಿಗಿಟ್ಟುಕೊಂಡು ಕಂಬದ ಬುಡಕ್ಕೆ ಕೂತಿದ್ದಳು. "ಉಂಡಿಯೇನಪಾ? ಎಲ್ಲೆ ಅದೀಯೋ? ಅಷ್ಟ ದೂರ ಯಾಕ ಹೋದಿ?" ಎನ್ನುತ್ತಿದ್ದಳು. ನಾನು ಕಸಿದುಕೊಂಡೆ. ಅಣ್ಣನ ದನಿ "ಅವ್ವಾ, ಯಾಕ ಸುಮ್ಮನಾದಿ?" ಎಂದಿತು. ಅಣ್ಣನ ದನಿ ಇನ್ನೊಂದು ಸಲ ಕೇಳಲು ನಾನು ಏನು ಬೇಕಾದರೂ ಕೊಡುತ್ತಿದ್ದೆ, ಹಾಗೆ ಕೇಳಿದಾಗ ನಾನೇ ಕಟ್ ಮಾಡಿದೆ.

ಅವ್ವ ಈಗ ಫೋನ್ ಬಿಡುವುದಿಲ್ಲ. ಅದನ್ನು ಮಡಿಲಲ್ಲಿಟ್ಟುಕೊಂಡೇ ಅಕ್ಕಿ ಆರಿಸುತ್ತಾಳೆ. ನಂಬರ್ ಬದಲಿಸುತ್ತೇನೆಂದರೆ "ಆಮ್ಯಾಲೆ ಅವಗ ಹೆಂಗ ಗೊತ್ತಾಗತೈತಿ?" ಎಂದು ನನ್ನನ್ನೇ ಕೇಳುತ್ತಾಳೆ. ನೀನು ಬರೆದಂತೆ ಫೋನಿನಲ್ಲಿ ಯಾರನ್ನೂ ನಂಬಬೇಡ ಎಂದು ಹೇಳಿದ್ದೇನೆ. ತಲೆಯಾಡಿಸಿ ಮತ್ತೆ ಅಕ್ಕಿ ಆರಿಸುತ್ತಾಳೆ.

ಕಾರ್ಡಿನ ಮಾತು ಅಪ್ಪನ ಮುಂದೆ ಎತ್ತಿದೆ. "ಹಗ್ಗ ಇಟಗೊಳ್ಳೂದು ಮನಿ ಕಾಯಾಕ. ಮಾರಿದ ಎತ್ತ ಹಿಂದಕ್ಕ ಜಗ್ಗಾಕ ಅಲ್ಲ. ಮೂವತ್ತ ವರ್ಷ ದಲಾಲಿಕಿ ಮಾಡೀನಿ, ಕೊಟ್ಟ ಮಾತ ತಪ್ಪಿಲ್ಲ" ಎಂದು ಎದ್ದು ಹೋದರು. ಅಬ್ದುಲಗನಿ ಇನ್ನೊಂದು ಹೇಳಿದರು. ಮಾರಿದ್ದು ಗೊತ್ತಾದರೆ ಕಂಪನಿಯವರು ಅಕೌಂಟಿಗೇ ಬೀಗ ಹಾಕುತ್ತಾರಂತೆ. ಅಣ್ಣನ ದನಿ, ಆಟ, ನಿಮ್ಮಿಬ್ಬರ ಎಂಟು ವರ್ಷದ ಮಾತು ಯಾರಿಗೂ ಸಿಗುವುದಿಲ್ಲ. ಅವನಿಗೂ ಇಲ್ಲ, ನಮಗೂ ಇಲ್ಲ. ಹಾಗೇ ಆಗಲಿ ಎಂದು ಬೆಳಿಗ್ಗೆ ಅನಿಸುತ್ತದೆ. ಸಂಜೆ ಅವ್ವನ ಮುಖ ನೋಡಿದರೆ ಕೈ ಏಳುವುದಿಲ್ಲ. ನೀನು ಒಮ್ಮೆ ಬಾ. ಅಪ್ಪ ಏನಾದರೂ ಅನ್ನಲಿ.

ನಿನ್ನ ತಂಗಿ,
ಭಾಗ್ಯಾ


ಹಿರೇವಡ್ಡಟ್ಟಿ
11 ಜುಲೈ 2025

ಧೀರೇಂದ್ರ ಮಾಸ್ತರಗ ಅಮೃತವ್ವನ ಆಶೀರ್ವಾದ.

ನಿನ್ನ ಕಾಗದ ಬರತಾವಂತ ಭಾಗ್ಯಾ ಹೇಳಿದ್ಲು. ನಾನೂ ಒಂದ ಬರಸಾಕತ್ತೀನಿ. ಹನಮಾ ಫೋನ್ ಮಾಡತಾನ. ಚೊಲೋ ಮಾತಾಡತಾನ, ಮನ್ಯಾಗ ಏನಾತು, ಯಾರಿಗೆ ಏನ ಬರದ್ವಿ ಎಲ್ಲಾ ಕೇಳತಾನ, ಹೇಳತೀನಿ. ಸಾಯೂಕಿಂತ ಮೊದಲ ಇಷ್ಟ ಮಾತಾಡತಿದ್ದಿಲ್ಲ, ಹ್ಞಾಂ ಹ್ಞೂಂ ಅಂತ ಎದ್ದ ಹೋಗತಿದ್ದ. ಭಾಗ್ಯಾ ಅಳತಾಳ, ಫೋನ್ ಕಸಗೋತಾಳ. ನೀ ಶಾಣ್ಯಾ ಇದ್ದಿ, ಅಕಿಗೆ ನೀ ಹೇಳು. ನೀ ಮನಿಗೆ ಬಂದ ಹೋಗು. ನಿನ್ನ ಮ್ಯಾಲೆ ನನಗ ಸಿಟ್ಟಿಲ್ಲ. ಎಂದೂ ಇದ್ದಿಲ್ಲ.

ಹೆಬ್ಬೆಟ್ಟು: ಅಮೃತವ್ವ

ಬರೆದವಳ ನಮಸ್ಕಾರ. ನಾನು ಪಕ್ಕದ ಮನೆಯ ರೇಣುಕವ್ವ, ಅಂಗನವಾಡಿ ಟೀಚರ್. ಅಮೃತವ್ವ ಹೇಳಿದ್ದನ್ನು ಹೇಳಿದ ಹಾಗೆ ಬರೆದಿದ್ದೇನೆ. ನನ್ನ ಮಾತು ಒಂದೇ. ಬೇಗ ಬನ್ನಿ.


ಬೆಟಗೇರಿ
19 ಜುಲೈ 2025

ಪ್ರೀತಿಯ ಗುಬ್ಬಿಗೆ,

ಟೈಪ್ ಮಾಡಿದ ಕಾಗದ ನೋಡಿ ಆಶ್ಚರ್ಯಪಡಬೇಡ. ಮಳೆಯಲ್ಲಿ ಶಾಲೆಯ ಮೆಟ್ಟಿಲ ಮೇಲೆ ಜಾರಿ ಬಿದ್ದು ಬಲಗೈ ಮುರಿದಿದೆ. ಪ್ಲಾಸ್ಟರ್ ಹಾಕಿದ್ದಾರೆ. ಬೆಟಗೇರಿಯಲ್ಲಿ ಅಕ್ಕನ ಮನೆಯಲ್ಲಿ ಇದ್ದೇನೆ, ಇನ್ನು ಆರು ವಾರ ಇಲ್ಲಿಯೇ. ಲಕ್ಷ್ಮೇಶ್ವರಕ್ಕೆ ಬರೆಯಬೇಡ, ಅಮ್ಮನೂ ಇಲ್ಲಿಗೇ ಬಂದಿದ್ದಾಳೆ, ಅಲ್ಲಿ ಯಾರೂ ತೆಗೆದುಕೊಳ್ಳುವುದಿಲ್ಲ. ವಿಳಾಸ ಹಿಂದೆ ಇದೆ.

ಅವ್ವನ ಕಾಗದ ತಲುಪಿತು, ನಿನ್ನದೂ ತಲುಪಿತು. ಅಪ್ಪನ ಮಾತಿಗೂ ಭಂಗ ಬರಬಾರದು, ಅಣ್ಣನ ದನಿಯೂ ಕಳೆಯಬಾರದು. ಅದಕ್ಕೆ ದಾರಿ ಹುಡುಕಿದ್ದೇನೆ. ಇಲ್ಲಿ ಒಬ್ಬರು ತಿಳಿದವರಿದ್ದಾರೆ. ಆ ಕಾರ್ಡನ್ನು ನನಗೆ ಕಳುಹಿಸು. ಫೋಟೋ ಬೇಡ, ಕಾರ್ಡೇ ಬೇಕು. ನಾನೇ ನಿಂತು ಎಲ್ಲ ಸರಿಮಾಡುತ್ತೇನೆ. ನೀನು ಇನ್ನು ಚಿಂತೆ ಮಾಡಬೇಡ ಗುಬ್ಬಿ.

ಅವ್ವನನ್ನು ನೋಡಬೇಕೆಂದು ಬಹಳ ಆಸೆ. ಅಪ್ಪ ಇಲ್ಲದ ಹೊತ್ತು ಯಾವುದು ಎಂದು ಬರೆ. ಜಗಳವಾಗಿ ಅವ್ವ ಅಳುವುದು ಬೇಡ.

ಇಂತಿ ನಿನ್ನ,
ಧೀರೇಂದ್ರ


ಹಿರೇವಡ್ಡಟ್ಟಿ
25 ಜುಲೈ 2025

ಧೀರಣ್ಣಾ,

ಕೈ ಮುರಿದುಕೊಂಡು ಇಷ್ಟು ಕೆಲಸ ಹಚ್ಚಿಕೊಂಡಿದ್ದೀಯಲ್ಲ, ಹುಂಬ. ಹಾಲು ಕುಡಿ, ಕೈಗೆ ಭಾರ ಹಾಕಬೇಡ.

ಕಾರ್ಡು ಈ ಲಕೋಟೆಯಲ್ಲಿದೆ. ಟ್ರಂಕಿನಿಂದ ತೆಗೆಯುವಾಗ ಒಂದು ಸಲ ಹಿಂದೆಮುಂದೆ ನೋಡಿದೆ. ಹಗ್ಗ ಹೊರಗಿನವರ ಕೈಗೆ ಕೊಡಬಾರದು ಎನ್ನುತ್ತಾರೆ ಅಪ್ಪ. ಆಮೇಲೆ, ನೀನು ಹೊರಗಿನವನೇ ಎಂದು ನನ್ನನ್ನೇ ಕೇಳಿಕೊಂಡೆ. ನಿನ್ನ ಕಾಗದದ ಮೊದಲ ಸಾಲು ಓದಿ ಬಹಳ ಹೊತ್ತು ಅತ್ತೆ. ನನ್ನನ್ನು ಗುಬ್ಬಿ ಎಂದು ಕರೆಯುತ್ತಿದ್ದವನು ಅಣ್ಣ ಒಬ್ಬನೇ. ಮನೆಯಲ್ಲಿ ಅವ್ವನಿಗೂ ಆ ಹೆಸರು ಬಾಯಿಗೆ ಬರುವುದಿಲ್ಲ. ಅವನು ನಿನ್ನ ಮುಂದೆ ಹಾಗೆ ಹೇಳುತ್ತಿದ್ದ ಎಂದು ಈಗ ಗೊತ್ತಾಯಿತು. ಮಂಗಳವಾರ ಪಂಚಮಿ. ಎರಡು ವರ್ಷದಿಂದ ನಾನು ಜೋಕಾಲಿ ಮುಟ್ಟಿಲ್ಲ. ಈ ಸಲ ಎಳ್ಳುಂಡಿ ಕಟ್ಟುತ್ತೇನೆ, ನಿನಗೆಂದು ನಾಲ್ಕು ತೆಗೆದಿಡುತ್ತೇನೆ.

ಪಂಚಮಿ ಮುಗಿದ ಮೇಲಿನ ಸೋಮವಾರ, ಆಗಸ್ಟ್ ನಾಲ್ಕಕ್ಕೆ ಬಾ. ಸೋಮವಾರ ಅಪ್ಪ ಬೆಳಿಗ್ಗೆ ದನದ ಸಂತೆಗೆ ಹೋದರೆ ದೀಪ ಹಚ್ಚುವ ಹೊತ್ತಿಗೇ ಬರುವುದು. ನನಗೂ ಅಂದು ಮುಂಡರಗಿಯಲ್ಲಿ ಹೊಲಿಗೆ ಕ್ಲಾಸು, ಐದರ ಬಸ್ಸಿಗೆ ಬರುತ್ತೇನೆ. ಅವ್ವ ಒಬ್ಬಳೇ ಇರುತ್ತಾಳೆ, ಹೆದರಬೇಡ, ನಿನ್ನನ್ನು ನೋಡಿದರೆ ಖುಷಿಪಡುತ್ತಾಳೆ. ಬಾಗಿಲು ಹಾಕಿದ್ದರೆ ಹಿತ್ತಲಿಂದ ಬಾ, ಆ ಕಡೆ ಅಗಳಿ ಇಲ್ಲ. ನಾಯಿ ದೊಡ್ಡದಾಗಿದೆ. "ಬಾಳ್ಯಾ" ಎಂದು ಹೆಸರು ಹಿಡಿದು ಕರೆದರೆ ಬೊಗಳುವುದಿಲ್ಲ. ಬಚ್ಚಲು ಈಗ ಎಡಗಡೆಗೆ ಕಟ್ಟಿಸಿದ್ದೇವೆ.

ಎಲ್ಲ ಹೇಳಿದೆನೋ ಇಲ್ಲವೋ. ಹೇಳಿದ್ದೇನೆ ಎಂದುಕೊಳ್ಳುತ್ತೇನೆ.

ನಿನ್ನ ತಂಗಿ,
ಗುಬ್ಬಿ


ಲಕ್ಷ್ಮೇಶ್ವರ
4 ಆಗಸ್ಟ್ 2025, ಬೆಳಿಗ್ಗೆ ಹತ್ತು

ಭಾಗ್ಯಾ,

ರೇಣುಕವ್ವನವರು ನಮ್ಮ ಶಾಲೆಗೆ ಒಂದು ಅಂಚೆ ಕಾರ್ಡು ಹಾಕಿದ್ದಾರೆ, ಈಗ ಕೈಗೆ ಬಂತು. "ನಿಮ್ಮ ಮುರಿದ ಕೈ ಹೇಗಿದೆ ಎಂದು ಅಮೃತವ್ವ ಕೇಳುತ್ತಾಳೆ, ಬೆಟಗೇರಿಯ ಅಕ್ಕನ ಮನೆಯಿಂದ ಬಂದಿರಾ?" ಎಂದು ಬರೆದಿದ್ದಾರೆ. ನನ್ನ ಕೈ ನೆಟ್ಟಗಿದೆ. ಈ ಅಕ್ಷರ ನೋಡು, ಅದೇ ಕೈಯಿಂದ ಬರೆಯುತ್ತಿದ್ದೇನೆ. ಬೆಟಗೇರಿಯಲ್ಲಿ ನನಗೆ ಅಕ್ಕನೂ ಇಲ್ಲ, ತಂಗಿಯೂ ಇಲ್ಲ. ಜುಲೈ ಒಂಬತ್ತರ ನಿನ್ನ ಕಾಗದಕ್ಕೆ ಉತ್ತರ ಬರೆದು ಹಾಕಿದ್ದೆ, ಅದು ತಲುಪಲಿಲ್ಲವೇ? ಮುಂದಿನ ವಾರ ಮತ್ತೊಂದು ಬರೆದೆ. ಅವು ಎಲ್ಲಿ ಹೋದವು, ಯಾರ ಕೈಗೆ ಹೋದವು ಎಂದು ಯೋಚಿಸಲೂ ಹೆದರಿಕೆ.

ನನ್ನ ಹೆಸರಿನಲ್ಲಿ ನಿನಗೆ ಯಾರು ಏನು ಬರೆದರು? ನೀನು ಏನು ಬರೆದೆ? ಕಾರ್ಡು ಕೇಳಿದ್ದರೆ ಕೊಡಬೇಡ. ನಾನೇ ಎದುರು ನಿಂತು ಕೇಳಿದರೂ ಕೊಡಬೇಡ. ನಿನಗೆ ಹತ್ತು ಸಲ ಫೋನ್ ಮಾಡಿದೆ, ನನ್ನ ದನಿ ಕೇಳಿದ ಕೂಡಲೇ ಕಟ್ ಮಾಡುತ್ತೀಯ. ತಪ್ಪು ನಿನ್ನದಲ್ಲ, ನಾನೇ ಹೇಳಿಕೊಟ್ಟದ್ದು.

ಇದು ನಾನೇ ಎನ್ನುವುದಕ್ಕೆ ಗುರುತು ಹೇಳುತ್ತೇನೆ. ಚಾಟಿನಲ್ಲಿ ಬರೆಯದ್ದು, ಯಾವ ರೆಕಾರ್ಡಿನಲ್ಲೂ ಇಲ್ಲದ್ದು. ಹನಮನ ಮಣ್ಣಿನ ದಿನ ನಾನು ಬಂದಿದ್ದೆ. ಹಳ್ಳದ ಆಚೆ ಬೇವಿನ ಗಿಡದ ಹಿಂದೆ ನಿಂತಿದ್ದೆ. ಎಲ್ಲರೂ ತಿರುಗಿ ಹೊರಟಾಗ ನೀನೊಬ್ಬಳೇ ಹಿಂದೆ ನೋಡಿದೆ. ನೋಡಿ, ಯಾರಿಗೂ ಹೇಳದೆ, ಸೆರಗು ತಲೆಯ ಮೇಲೆ ಎಳೆದುಕೊಂಡು ನಡೆದೆ. ನಿನ್ನ ಆ ಉಪಕಾರವನ್ನು ಸಾಯುವವರೆಗೆ ಮರೆಯುವುದಿಲ್ಲ.

ಆ ಅಕೌಂಟಿನಿಂದ ವಾರದಿಂದ ಸಂದೇಶವಿಲ್ಲ. ಕೊನೆಯದು ಹೀಗಿತ್ತು: "ಇನ್ನ ನಿನ್ನ ಕೂಡ ಮಾತಾಡೂದು ಸಾಕ ಧೀರ್ಯಾ. ನಾ ಮನಿಗೆ ಹೊಂಟೀನಿ."

ಈ ಕಾಗದವನ್ನು ನಿಮ್ಮೂರ ಮೇಲೆ ಹೋಗುವ ಬಸ್ಸಿನ ಕಂಡಕ್ಟರ್ ಸಕ್ರಪ್ಪನ ಕೈಯಲ್ಲಿ ಕೊಡುತ್ತಿದ್ದೇನೆ. ಮನೆಯವರೆಗೆ ಮುಟ್ಟಿಸುತ್ತೇನೆಂದು ಮಾತು ಕೊಟ್ಟಿದ್ದಾನೆ. ನಾನು ಶಾಲೆ ಮುಗಿಸಿ ಸಂಜೆ ದೀಪ ಹಚ್ಚುವ ಹೊತ್ತಿಗೆ ಬರುತ್ತೇನೆ. ನಿಮ್ಮಪ್ಪ ಮನೆಯಲ್ಲಿರುವಾಗಲೇ ಬರುತ್ತೇನೆ. ಇನ್ನು ಕದ್ದು ನಿಲ್ಲುವುದು ಸಾಕು. ಅಲ್ಲಿಯವರೆಗೆ ಅವ್ವನನ್ನು ಒಬ್ಬಳನ್ನೇ ಬಿಡಬೇಡ.

ಧೀರೇಂದ್ರ


ಹಿರೇವಡ್ಡಟ್ಟಿ
4 ಆಗಸ್ಟ್ 2025

ಧೀರೇಂದ್ರ ಮಾಸ್ತರಗ ಅಮೃತವ್ವನ ಆಶೀರ್ವಾದ.

ನಿನ್ನ ಹೆಸರ ಹೇಳಿ ಒಬ್ಬ ಬಂದಾನಪಾ. ಧೀರೇಂದ್ರನ ಕೈ ಇನ್ನೂ ಕೂಡಿಲ್ಲ, ಅದಕ್ಕ ನನ್ನ ಕಳಿಸ್ಯಾನ ಅಂದ. ವಯಸ್ಸು ನಮ್ಮ ಹನಮನಷ್ಟ. ಹಿತ್ತಲ ಕಡಿಂದ ಬಂದ. "ಬಾಳ್ಯಾ" ಅಂದ, ನಾಯಿ ಬೊಗಳಲೇ ಇಲ್ಲ. ಎಡಕ್ಕ ಹೋಗಿ ಬಚ್ಚಲದಾಗ ಕಾಲ ತೊಳಕೊಂಡ, ಯಾರೂ ದಾರಿ ತೋರಿಸಲಿಲ್ಲ. ಕಂಬಕ್ಕ ಒರಗಿ ಕುಂತ. "ಚಾ ಆತೇನ ಅವ್ವಾ?" ಅಂದ. ರೊಟ್ಟಿ, ಹೆಸರಕಾಳ ಪಲ್ಯಾ ಹಾಕಿದೆ. ಮೊದಲನೇ ತುಣುಕ ಮುರದು ನಾಯಿಗೆ ಹಾಕಿದ. ಉಂಡ ಮ್ಯಾಲೆ ನನ್ನ ಮೊಣಕಾಲಿಗೆ ಎಣ್ಣಿ ತಿಕ್ಕಿದ. ಭಾಗ್ಯಾ ತಗದಿಟ್ಟಿದ್ದ ನಾಲ್ಕ ಉಂಡಿ ಕೇಳಿ ಇಸಗೊಂಡ.

ನಾ ಕುರುಡಿ ಅಲ್ಲಪಾ. ನನ್ನ ಮಗಾ ಮಣ್ಣಾಗ ಅದಾನ ಅನ್ನೂದು ನನಗ ಗೊತ್ತೈತಿ. ಫೋನ್ ಬಂದಾಗೂ ಗೊತ್ತಿತ್ತು. ಇವನ ಮಾರಿ ಬ್ಯಾರೆ, ಕೈ ಬ್ಯಾರೆ. ಖರೆ ಇಷ್ಟೆಲ್ಲಾ ಕಲತ ಬಂದಾಂವಗ ನೀ ಯಾರಪಾ ಅಂತ ಹೆಂಗ ಕೇಳ್ಲಿ? ಕೇಳಿದ್ರ ಎದ್ದ ಹೋಗತಾನೇನೋ ಅಂತ ಹೆದರಿಕಿ. ಎದ್ದ ಹೋಗಲಿಲ್ಲಂದ್ರ ಹೆಂಗ ಅಂತ ಅದೂ ಹೆದರಿಕಿ. ಹನಮನ ಅಂಗಿ ಎಲ್ಲೆ ಅದಾವ ಅಂತ ಕೇಳಿದ. ತೋರಿಸಿದೆ. ಹಾಕ್ಕೊಂಡಾನ.

ಈಗ ಸಕ್ರಪ್ಪ ಬಂದು ಒಂದ ಕಾಗದಾ ಕೊಟ್ಟ ಹ್ವಾದ. ಭಾಗ್ಯಾಗಂತ. ನನಗ ಓದಾಕ ಬರಂಗಿಲ್ಲ, ಇವನೇ ಓದಿದ. ಭಾಳ ಹೊತ್ತ ಓದಿದ. ಏನ ಬರದಾನಪಾ ಧೀರೇಂದ್ರ ಅಂದೆ. "ಅವಗ ಬರಾಕ ಆಗಂಗಿಲ್ಲಂತ ಅವ್ವಾ" ಅಂದ. ಬೇವಿನ ಗಿಡ ಎಲ್ಲೆ ಐತಿ ಅಂತ ಕೇಳಿದ. ಹಳ್ಳದ ಆಚಿಗೆ ಅಂತ ಹೇಳಿದೆ.

ರೇಣುಕವ್ವ ಅಂಗನವಾಡ್ಯಾಗ ಅದಾಳ. ನೀ ಹೇಳ ಅವ್ವಾ, ನಾ ಬರೀತೀನಿ ಅಂದ. ಇದನ್ನೆಲ್ಲಾ ಅವನೇ ಬರಿಯಾಕತ್ತಾನ. ಅಕ್ಷರಾ ದುಂಡಗ ಅದಾವು. ಬರಾಕ ಆಗಂಗಿಲ್ಲಂದ್ರ ಬಿಡು, ಆಗತಿದ್ರ ಬಾ. ಜಲ್ದಿ ಬಾ.

ಹೆಬ್ಬೆಟ್ಟು: ಅಮೃತವ್ವ

ಬರೆದವನ ನಮಸ್ಕಾರ. ಅವ್ವ ಹೇಳಿದ್ದನ್ನು ಹೇಳಿದ ಹಾಗೆ ಬರೆದಿದ್ದೇನೆ, ಒಂದು ಮಾತೂ ಬಿಟ್ಟಿಲ್ಲ. ನಿನ್ನ ತಪ್ಪಿಲ್ಲ ಬಿಡು ಧೀರ್ಯಾ. ನೀನು ಬರುವುದು ಬೇಡ. ಐದರ ಬಸ್ಸಿನ ಹೊತ್ತಾಯಿತು, ಗುಬ್ಬಿಯನ್ನು ಕರೆದುಕೊಂಡು ಬರಲು ಹೊರಟಿದ್ದೇನೆ.

ಹನಮಂತ